ಡೊನಾಲ್ಡ್ ಕಾಲ್ತ್ರಾಪ್‌ಗಾಗಿ ಒಂದು 16 ಎಂಎಂ ಪ್ರೊಜೆಕ್ಟರ್ ರಿಪೇರಿ

ಬೆಂಚಿನ ಮೇಲೆ ಎರಡು ಸಾಮಾನು ಇವೆ. ಒಂದು, ಇಲ್ಲಿನ ಶಾಲೆಯೊಂದು ದಶಕಗಳ ಹಿಂದೆ ಬಳಸಿ ಮೂಲೆಗೆ ಸೇರಿಸಿದ್ದ 16 ಎಂಎಂ ಸೌಂಡ್ ಪ್ರೊಜೆಕ್ಟರ್. ಸ್ವಿಚ್ ಹಾಕಿದರೆ ಮೋಟಾರ್ ಗುಂಯ್ ಅನ್ನುತ್ತದೆ. ಫಿಲ್ಮ್ ಮಾತ್ರ ಕದಲುವುದಿಲ್ಲ. ಇನ್ನೊಂದು, ಎರಡು ತಗಡಿನ ಡಬ್ಬಿಗಳಲ್ಲಿ ಬಂದ 'ಸ್ಕ್ರೂಜ್' ಚಿತ್ರದ ಪ್ರಿಂಟು. 1935ರ ಬ್ರಿಟಿಷ್ ಚಿತ್ರ, ಡಿಕನ್ಸ್‌ನ 'ಎ ಕ್ರಿಸ್ಮಸ್ ಕ್ಯಾರಲ್' ಕಥೆ, ಜಿಪುಣ ಮುದುಕ ಸ್ಕ್ರೂಜ್‌ನದು. ಪೂರ್ತಿ ಚಿತ್ರ 78 ನಿಮಿಷ. 16 ಎಂಎಂನಲ್ಲಿ ಜಾಸ್ತಿ ಓಡಾಡಿದ್ದು ಸುಮಾರು ಒಂದು ಗಂಟೆಗೆ ಇಳಿಸಿದ ಆವೃತ್ತಿ. ನನ್ನ ಹತ್ತಿರ ಇರುವುದೂ ಅದೇ.

ಈ ಕೆಲಸಕ್ಕೆ ಕೈ ಹಾಕಿದ್ದು ಸ್ಕ್ರೂಜ್‌ಗಾಗಿ ಅಲ್ಲ, ಅವನ ಬಡ ಗುಮಾಸ್ತ ಬಾಬ್ ಕ್ರ್ಯಾಚಿಟ್‌ಗಾಗಿ. ಆ ಪಾತ್ರ ಮಾಡಿದವನು ಡೊನಾಲ್ಡ್ ಕಾಲ್ತ್ರಾಪ್. ಹೆಸರು ಕೇಳಿದವರು ಕಡಿಮೆ. ಆದರೆ ಹಿಚ್‌ಕಾಕ್‌ನ ಹಳೆಯ ಬ್ರಿಟಿಷ್ ಚಿತ್ರಗಳನ್ನು ನೋಡಿದ್ದರೆ ಮುಖ ನೋಡಿಯೇ ಇರುತ್ತೀರಿ. ತೆಳ್ಳಗಿನ ಮೈ, ಚೂಪು ಮುಖ, ಏನೋ ಲೆಕ್ಕ ಹಾಕುತ್ತಿರುವಂಥ ಕಣ್ಣು. ಅರವತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದ. ಅವುಗಳಲ್ಲಿ ಹೆಚ್ಚಿನವು ಸಣ್ಣ ಪಾತ್ರಗಳೇ. ಕೆಲವು ನಿಮಿಷ ಬಂದು ಹೋಗುವುದು. ಅಂಥ ನಟನ ಕೆಲಸ ನೋಡಬೇಕೆಂದರೆ ಒಂದೊಂದು ಫ್ರೇಮೂ ಲೆಕ್ಕಕ್ಕೆ ಬರುತ್ತದೆ. ನಾಯಕನ ಹತ್ತು ಫ್ರೇಮು ಹರಿದು ಹೋದರೆ ಯಾರಿಗೂ ಗೊತ್ತಾಗುವುದಿಲ್ಲ. ಸಣ್ಣ ಪಾತ್ರದವನ ಹತ್ತು ಫ್ರೇಮು ಹೋದರೆ ಅವನು ಒಂದು ನೋಟದಲ್ಲಿ ಮಾಡಿದ ಕೆಲಸವೇ ಹೋದ ಹಾಗೆ. ಹಾಗಾಗಿ ಈ ರಿಪೇರಿಯಲ್ಲಿ ನಾನು ಹಾಕಿಕೊಂಡ ನಿಯಮ ಒಂದೇ: ಇವನು ಇರುವ ಒಂದು ಫ್ರೇಮನ್ನೂ ಕತ್ತರಿಸುವುದಿಲ್ಲ.

ಮೊದಲು ಮೆಷಿನ್ನು. ಹಿಂಬದಿಯ ಮುಚ್ಚಳ ತೆಗೆದ ತಕ್ಷಣ ಕಾರಣ ಕಂಡಿತು. ವರ್ಮ್ ಗೇರ್, ಅಂದರೆ ಸ್ಕ್ರೂವಿನಂತೆ ಸುರುಳಿ ಹಲ್ಲಿರುವ ಗೇರು, ಉದ್ದಕ್ಕೆ ಸೀಳಿತ್ತು. ಇದು ಪ್ಲಾಸ್ಟಿಕ್ ಗೇರು, ಉಕ್ಕಿನ ಷಾಫ್ಟ್ ಮೇಲೆ ಬಿಗಿಯಾಗಿ ಕೂತಿರುತ್ತದೆ. ವರ್ಷಗಳು ಕಳೆದಂತೆ ಪ್ಲಾಸ್ಟಿಕ್ ಕುಗ್ಗುತ್ತದೆ, ಉಕ್ಕು ಕುಗ್ಗುವುದಿಲ್ಲ. ಕೊನೆಗೆ ಪ್ಲಾಸ್ಟಿಕ್ಕೇ ಬಿರಿಯುತ್ತದೆ. ಓಡಿಸಿದ್ದರಿಂದಲೇ ಒಡೆಯಬೇಕು ಅಂತೇನಿಲ್ಲ, ಸುಮ್ನೆ ಕಪಾಟಿನಲ್ಲಿ ಇಟ್ಟರೂ ಒಡೆಯುತ್ತದೆ. ಆ ಕಾಲದ ಪ್ಲಾಸ್ಟಿಕ್ ಗೇರಿನ ಪ್ರೊಜೆಕ್ಟರ್ ಕೊಳ್ಳುವವರು ಮೊದಲು ನೋಡಬೇಕಾದ್ದು ಇದನ್ನೇ. ಟಾರ್ಚ್ ಹಿಡಿದು, ಕೈಯಲ್ಲಿ ನಿಧಾನಕ್ಕೆ ತಿರುಗಿಸಿ, ಹಲ್ಲುಗಳ ನಡುವೆ ಕೂದಲೆಳೆಯಂಥ ಗೆರೆ ಇದೆಯಾ ಅಂತ ನೋಡಿ.

ಹೊಸ ಗೇರು ಹವ್ಯಾಸಿಗಳ ಹತ್ತಿರ ಸಿಗುತ್ತದೆ. ಈಗಿನವು ಒಳ್ಳೆಯ ವಸ್ತುವಿನಲ್ಲಿ ಮಾಡಿದವು. ಹಳೆಯದನ್ನು ತೆಗೆಯಲು ಷಾಫ್ಟನ್ನೇ ಹೊರಗೆ ಎಳೆಯಬೇಕು. ಅದಕ್ಕೆ ಮೊದಲು ಶಟರ್, ಬೆಲ್ಟಿನ ಗಾಲಿ, ಬೇರಿಂಗ್‌ನ ಹಿಡಿಕೆ ಎಲ್ಲವೂ ಬಿಚ್ಚಬೇಕು. ಬಿಚ್ಚುವಾಗ ಪ್ರತಿ ಹಂತಕ್ಕೂ ಒಂದು ಫೋಟೋ, ಪ್ರತಿ ಸ್ಕ್ರೂಗೂ ಮೊಟ್ಟೆಯ ಟ್ರೇನಲ್ಲಿ ಒಂದು ಗುಳಿ. ತೆಳು ವಾಷರ್‌ಗಳ ಬಗ್ಗೆ ಎಚ್ಚರ. ಷಾಫ್ಟ್ ಹಿಂದೆ ಮುಂದೆ ಎಷ್ಟು ಆಡಬೇಕು ಅನ್ನುವುದನ್ನು ಅವೇ ತೀರ್ಮಾನಿಸುತ್ತವೆ. ಒಂದು ಆಚೀಚೆ ಆದರೂ ಚಿತ್ರ ಪರದೆ ಮೇಲೆ ನಡುಗುತ್ತದೆ.

ಕಷ್ಟ ಇರುವುದು ಜೋಡಿಸುವಲ್ಲಿ. ಸಿನಿಮಾ ಫಿಲ್ಮ್ ಒಂದೇ ಸಮನೆ ಹರಿಯುವುದಿಲ್ಲ ಅಲ್ವಾ? ಪ್ರತಿ ಫ್ರೇಮು ಗೇಟಿನಲ್ಲಿ, ಅಂದರೆ ದೀಪದ ಬೆಳಕು ಫಿಲ್ಮಿನ ಮೂಲಕ ಹಾಯುವ ಕಿಂಡಿಯಲ್ಲಿ, ಒಂದು ಕ್ಷಣ ನಿಲ್ಲುತ್ತದೆ. ಆಮೇಲೆ ಉಗುರಿನಂಥ ಒಂದು ಕೊಕ್ಕೆ ತೂತಿಗೆ ಸಿಕ್ಕಿಸಿಕೊಂಡು ಫಿಲ್ಮನ್ನು ಒಂದು ಫ್ರೇಮು ಕೆಳಗೆ ಎಳೆಯುತ್ತದೆ. ಎಳೆಯುವಷ್ಟು ಹೊತ್ತು ಶಟರ್‌ನ ರೆಕ್ಕೆ ಬೆಳಕನ್ನು ಮುಚ್ಚಿರಬೇಕು. ಸೆಕೆಂಡಿಗೆ 24 ಸಲ ಈ ಕೆಲಸ. ಗೇರು, ಷಾಫ್ಟು, ಶಟರು ತಮ್ಮ ತಮ್ಮ ಗುರುತಿಗೆ ಕೂರದಿದ್ದರೆ ಫಿಲ್ಮ್ ಇಳಿಯುತ್ತಿರುವಾಗಲೇ ಬೆಳಕು ಬೀಳುತ್ತದೆ. ಆಗ ಪರದೆ ಮೇಲೆ ಬಿಳಿ ಅಕ್ಷರಗಳಿಗೆ ಬಾಲ ಬೆಳೆಯುತ್ತದೆ. ಮುಖದ ಮೇಲಿನ ಸಣ್ಣ ಬೆಳಕುಗಳಿಗೂ ಅಷ್ಟೇ, ಕಣ್ಣಿನ ಮಿಂಚು ಕೂಡ ಉದ್ದಕ್ಕೆ ಎಳೆದ ಗೆರೆಯಾಗುತ್ತದೆ. ಕಣ್ಣಿನಲ್ಲೇ ನಟಿಸುವವನ ಚಿತ್ರಕ್ಕೆ ಇದು ಆಗದು.

ಪರೀಕ್ಷೆಗೆ ಹಳೆಯ, ಯಾರಿಗೂ ಬೇಡದ ಫಿಲ್ಮಿನ ತುಂಡೊಂದನ್ನು ಸುರುಳಿ ಮಾಡಿ ಅಂಟಿಸಿ ಬಳಸಿದೆ. ಕಪ್ಪು ಹಿನ್ನೆಲೆಯಲ್ಲಿ ಬಿಳಿ ಅಕ್ಷರ ಇರುವ ತುಂಡು. ಮೊದಲು ಕೈಯಲ್ಲಿ ತಿರುಗಿಸಿ, ರೆಕ್ಕೆ ಗೇಟನ್ನು ಪೂರ್ತಿ ಮುಚ್ಚಿದ ಮೇಲೆಯೇ ಕೊಕ್ಕೆ ಕದಲುತ್ತದಾ ಅಂತ ನೋಡಿದೆ. ಆಮೇಲೆ ಮೋಟಾರ್. ಅಕ್ಷರಗಳ ಅಂಚು ಚೂಪಾಗಿ, ಬಾಲವಿಲ್ಲದೆ ನಿಂತವು. ಬೆಲೆಬಾಳುವ ಪ್ರಿಂಟನ್ನು ಈ ಹಂತದಲ್ಲಿ ಯಾವ ಕಾರಣಕ್ಕೂ ಹಾಕಬೇಡಿ. ಈಗಷ್ಟೇ ಜೋಡಿಸಿದ ಮೆಷಿನ್ನು ಫಿಲ್ಮನ್ನು ಅಗಿದು ಹಾಕಬಹುದು.

ಎಲೆಕ್ಟ್ರಿಕ್ ಕೆಲಸ ಬೇಗ ಮುಗಿಯಿತು. ಮೈನ್ಸ್ ಕರೆಂಟಿನ ಗದ್ದಲ ತಡೆಯುವ ಸಪ್ರೆಸರ್ ಕೆಪ್ಯಾಸಿಟರ್‌ನ ಮೈಯೆಲ್ಲ ಬಿರುಕು. ಅಂಥದ್ದನ್ನು ಹಾಗೇ ಬಿಟ್ಟರೆ ಒಂದು ದಿನ ಹೊಗೆ ಗ್ಯಾರಂಟಿ. ಬದಲಾಯಿಸಿದೆ. ಬೆಲ್ಟು ಕರಗಿ ಡಾಂಬರಿನಂತಾಗಿತ್ತು. ಗಾಲಿಗಳನ್ನು ಐಸೊಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿ ಹೊಸ ಬೆಲ್ಟ್ ಹಾಕಿದೆ. ದೀಪ 24 ವೋಲ್ಟ್, 250 ವ್ಯಾಟ್‌ನ ಹ್ಯಾಲೊಜನ್. ಈಗಲೂ ಸುಲಭವಾಗಿ ಸಿಗುತ್ತದೆ. ಗೇಟಿನ ಮೇಲೆ ಗಟ್ಟಿಯಾಗಿ ಕೂತಿದ್ದ ಹಳೆಯ ಎಮಲ್ಶನ್ (ಫಿಲ್ಮಿನ ಮೇಲೆ ಚಿತ್ರ ಇರುವ ಲೇಪ) ಕೊಳೆಯನ್ನು ಮರದ ಕಡ್ಡಿಯಿಂದ ಕೆರೆದೆ. ಲೋಹದ ಉಪಕರಣ ಗೇಟಿಗೆ ಮುಟ್ಟಿಸಬಾರದು. ಅಲ್ಲಿ ಒಂದು ಗೀರು ಬಿದ್ದರೆ, ಆಮೇಲೆ ಹಾಕುವ ಪ್ರತಿ ಫಿಲ್ಮಿನ ಮೇಲೂ ತಲೆಯಿಂದ ಬಾಲದವರೆಗೆ ಅದೇ ಗೀರು.

ಇನ್ನು ಸೌಂಡು. ಇಲ್ಲಿ ಕಾಲ್ತ್ರಾಪ್‌ನ ಕಥೆಗೂ ಒಂದಿಷ್ಟು ಜಾಗ ಬೇಕು, ಏಕೆಂದರೆ ಅವನ ಸಿನಿಮಾ ಬದುಕು ತಿರುಗಿದ್ದು ಸಿನಿಮಾಗೆ ಮಾತು ಬಂದ ಹೊತ್ತಿನಲ್ಲೇ.

1888ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ. ಮನೆತನವೇ ರಂಗಭೂಮಿಯದು. ತಾತ, ಅಂದರೆ ತಾಯಿಯ ತಂದೆ, ಹತ್ತೊಂಬತ್ತನೇ ಶತಮಾನದ ದೊಡ್ಡ ನಾಟಕಕಾರ ಡಿಯಾನ್ ಬೂಸಿಕೋ. ತಂದೆ ಜಾನ್ ಕ್ಲೇಟನ್ ಹೆಸರಿನಲ್ಲಿ ನಟಿಸುತ್ತಿದ್ದವರು, ಲಂಡನ್ನಿನ ಕೋರ್ಟ್ ಥಿಯೇಟರ್ ನಡೆಸಿದವರಲ್ಲಿ ಒಬ್ಬರು. 1885ರಲ್ಲಿ ಪಿನೆರೊನ 'ದಿ ಮ್ಯಾಜಿಸ್ಟ್ರೇಟ್' ಅನ್ನುವ ಪ್ರಹಸನ ಮೊದಲ ಸಲ ರಂಗಕ್ಕೆ ಬಂದದ್ದು ಅಲ್ಲೇ. 1917ರಲ್ಲಿ ಅದೇ ನಾಟಕವನ್ನು ಸಂಗೀತ ನಾಟಕ ಮಾಡಿ 'ದಿ ಬಾಯ್' ಹೆಸರಿನಲ್ಲಿ ಅಡೆಲ್ಫಿ ಥಿಯೇಟರ್‌ನಲ್ಲಿ ಆಡಿದಾಗ, ಹೆಸರಿಗೆ ಕಾರಣವಾದ ಹುಡುಗನ ಪಾತ್ರ ಡೊನಾಲ್ಡ್‌ನದು. ತಂದೆ ರಂಗಕ್ಕೆ ತಂದ ಕಥೆಯಲ್ಲಿ ಮೂವತ್ತೆರಡು ವರ್ಷದ ನಂತರ ಮಗ ಹಾಡಿ ಕುಣಿದ. ತಂದೆಗೆ ಅದನ್ನು ನೋಡುವ ಭಾಗ್ಯ ಇರಲಿಲ್ಲ. ಮಗ ಹುಟ್ಟಿದ ವರ್ಷವೇ ಅವರು ತೀರಿಕೊಂಡಿದ್ದರು.

ಅಂದರೆ ಇವನು ಶುರು ಮಾಡಿದ್ದು ಹಗುರ ಹಾಸ್ಯದ ತರುಣನಾಗಿ. ಚಿತ್ರಗಳಲ್ಲಿ ನಾವು ನೋಡುವ ಹೆದರಿದ, ಹೆದರಿಸುವ, ಮೂಲೆಯಲ್ಲಿ ನಿಂತ ಮನುಷ್ಯ ಆಮೇಲೆ ಬಂದವನು. ಈ ಎರಡರ ನಡುವಿನ ಸೇತುವೆ ನನ್ನ ಪ್ರಕಾರ 1928ರ ಮೂಕಿ ಚಿತ್ರ 'ಶೂಟಿಂಗ್ ಸ್ಟಾರ್ಸ್'. ಆಂಥನಿ ಆಸ್ಕ್ವಿತ್ ಬರೆದು, ಎ. ವಿ. ಬ್ರ್ಯಾಂಬಲ್ ಜೊತೆ ಸೇರಿ ಮಾಡಿದ್ದು. ಸಿನಿಮಾ ಸ್ಟುಡಿಯೋದ ಒಳಗಿನ ಕಥೆ. ಅದರಲ್ಲಿ ಕಾಲ್ತ್ರಾಪ್ ಒಬ್ಬ ಕೋಡಂಗಿ ವೇಷದ ಹಾಸ್ಯನಟ. ಮೇಕಪ್ ಹಾಕಿದಾಗ ಚಾಪ್ಲಿನ್ ಜಾತಿಯವನು, ಮೇಕಪ್ ತೆಗೆದರೆ ಬೇರೆಯವನ ಹೆಂಡತಿಯ ಹಿಂದೆ ಬಿದ್ದ ನಯವಾದ ಮನುಷ್ಯ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ 2015ರಲ್ಲಿ ಇದನ್ನು ಚೆನ್ನಾಗಿ ದುರಸ್ತಿ ಮಾಡಿ ಹೊರತಂದಿದೆ. ಸಿಕ್ಕರೆ ಬಿಡಬೇಡಿ.

ಮರುವರ್ಷ 'ಬ್ಲ್ಯಾಕ್‌ಮೇಲ್' ಬಂತು. ಎಲ್‌ಸ್ಟ್ರೀಯ ಬ್ರಿಟಿಷ್ ಇಂಟರ್‌ನ್ಯಾಷನಲ್ ಪಿಕ್ಚರ್ಸ್‌ನಲ್ಲಿ ಹಿಚ್‌ಕಾಕ್ ಇದನ್ನು ಮೂಕಿಯಾಗಿ ಶುರು ಮಾಡಿ, ನಡುವೆ ಟಾಕಿಯಾಗಿ ಬದಲಾಯಿಸಿದ. ನಾನಿರುವ ಇಂಗ್ಲೆಂಡಿನ ಹರ್ಟ್‌ಫರ್ಡ್‌ಶೈರ್‌ನಲ್ಲೇ, ಬೋರಮ್‌ವುಡ್ ಊರಿನಲ್ಲಿ ಇದ್ದ ಸ್ಟುಡಿಯೋ ಅದು. ನಾಯಕಿ ಆನಿ ಓಂದ್ರಾಳ ಇಂಗ್ಲಿಷಿನಲ್ಲಿ ಚೆಕ್ ಧಾಟಿ ಜಾಸ್ತಿ. ಆಮೇಲೆ ದನಿ ಸೇರಿಸುವ ತಂತ್ರ ಆಗಿನ್ನೂ ಕೈಗೆ ಬಂದಿರಲಿಲ್ಲ. ಹಾಗಾಗಿ ಶೂಟಿಂಗ್ ನಡೆಯುವಾಗಲೇ ಕ್ಯಾಮೆರಾದಾಚೆ ನಿಂತು ಜೋನ್ ಬ್ಯಾರಿ ಅನ್ನುವ ನಟಿ ಮಾತಾಡುತ್ತಿದ್ದಳು, ಓಂದ್ರಾ ತುಟಿ ಆಡಿಸುತ್ತಿದ್ದಳು. ರಂಗಭೂಮಿಯಲ್ಲಿ ಪಳಗಿದ್ದ ಕಾಲ್ತ್ರಾಪ್‌ಗೆ ಅಂಥ ಆಸರೆ ಬೇಕಾಗಲಿಲ್ಲ.

ಅವನ ಪಾತ್ರ ಟ್ರೇಸಿ. ತನ್ನ ಮೇಲೆ ಕೈ ಮಾಡಲು ಬಂದ ಕಲಾವಿದನನ್ನು ಹುಡುಗಿ ಚಾಕುವಿನಿಂದ ಇರಿದಿದ್ದಾಳೆ. ಅವಳ ಪ್ರಿಯಕರ ಪೊಲೀಸ್ ಡಿಟೆಕ್ಟಿವ್, ಅವಳ ಒಂದು ಕೈಗವಸನ್ನು ಬಚ್ಚಿಟ್ಟಿದ್ದಾನೆ. ಇನ್ನೊಂದು ಕೈಗವಸು ಟ್ರೇಸಿಯ ಜೇಬಿನಲ್ಲಿದೆ. ಹುಡುಗಿಯ ತಂದೆಯ ಅಂಗಡಿಗೆ ಬಂದು ಒಳ್ಳೆಯ ಸಿಗಾರ್ ಆರಿಸಿಕೊಳ್ಳುತ್ತಾನೆ. ದುಡ್ಡು ಮಾತ್ರ ಬೇರೆಯವರದ್ದು. ಅವರ ಮೇಜಿನಲ್ಲೇ ಕೂತು, ಅವರ ಮುಂದೆಯೇ ತಿಂಡಿ ತಿನ್ನುತ್ತಾನೆ. ಬೆದರಿಕೆಯ ಮಾತು ಕಡಿಮೆ. ಆರಾಮವಾಗಿ ಇರುವುದೇ ಅವನ ಬೆದರಿಕೆ. ಆಮೇಲೆ ಸುದ್ದಿ ಬರುತ್ತದೆ: ಪೊಲೀಸರು ಹುಡುಕುತ್ತಿರುವುದು ಈ ಟ್ರೇಸಿಯನ್ನೇ. ಹಳೆಯ ಕೇಸು ಇರುವವನು, ಮನೆಯ ಹತ್ತಿರ ಕಂಡವನು. ಅಲ್ಲಿಂದ ಅವನ ಮುಖ ಬದಲಾಗುವುದನ್ನು ನೋಡಬೇಕು. ಹಣ ವಾಪಸ್ ಕೊಡಲು ನೋಡುತ್ತಾನೆ, ಬೇಡಿಕೊಳ್ಳುತ್ತಾನೆ, ಕೊನೆಗೆ ಕಿಟಕಿ ಒಡೆದು ಓಡುತ್ತಾನೆ. ಅದೇ ಕೋಣೆಯಲ್ಲಿ ಸ್ವಲ್ಪ ಹೊತ್ತಿಗೆ ಮೊದಲು ನಾವು ಅಸಹ್ಯಪಟ್ಟ ಮನುಷ್ಯನ ಬಗ್ಗೆ ಕರುಳು ಚುರ್ ಅನ್ನುತ್ತದೆ. ಕೊಲೆ ಮಾಡದವನು ಕೊಲೆಗಾರನಾಗಿ ಸಾಯುತ್ತಾನೆ.

ಬ್ರಿಟಿಷ್ ಮ್ಯೂಸಿಯಂನಲ್ಲಿ ದೈತ್ಯ ಕಲ್ಲಿನ ಮುಖದ ಪಕ್ಕ ಹಗ್ಗ ಹಿಡಿದು ಇಳಿಯುವ ಆ ಸಣ್ಣ ಆಕೃತಿ ಅವನದೇ. ಮ್ಯೂಸಿಯಂ ಒಳಗೆ ಶೂಟಿಂಗ್‌ಗೆ ಬೆಳಕು ಸಾಲದು. ಅದಕ್ಕೆ ಷುಫ್ಟಾನ್ ತಂತ್ರ ಬಳಸಿದರು. ಮ್ಯೂಸಿಯಂನ ಫೋಟೋಗಳನ್ನು ದೀರ್ಘ ಎಕ್ಸ್‌ಪೋಷರ್‌ನಲ್ಲಿ ತೆಗೆದು, ಕನ್ನಡಿಯಲ್ಲಿ ಅವುಗಳ ಪ್ರತಿಬಿಂಬ ಹಿಡಿದು, ನಟ ಇರುವ ಕಡೆ ಮಾತ್ರ ಕನ್ನಡಿಯ ಬೆಳ್ಳಿಯನ್ನು ಕೆರೆದು ತೆಗೆದರು. ಆ ಕೆರೆದ ಜಾಗದ ಗಾಜಿನ ಮೂಲಕ ಕ್ಯಾಮೆರಾಗೆ ನಿಜವಾದ ನಟ ಕಾಣುತ್ತಾನೆ. ಕೊನೆಗೆ ಟ್ರೇಸಿ ಓದುಕೋಣೆಯ ಗುಮ್ಮಟದ ಗಾಜು ಒಡೆದು ಬೀಳುತ್ತಾನೆ.

ಸೌಂಡ್ ಉಪಕರಣ ಇಲ್ಲದ ಥಿಯೇಟರ್‌ಗಳು ಆಗ ಜಾಸ್ತಿ ಇದ್ದುದರಿಂದ ಮೂಕಿ ಆವೃತ್ತಿಯೂ ಬಿಡುಗಡೆಯಾಯಿತು. ಎರಡೂ ಉಳಿದಿವೆ. ಒಬ್ಬನೇ ನಟ, ಒಂದೇ ಪಾತ್ರ, ಒಂದರಲ್ಲಿ ದನಿ ಇಲ್ಲ, ಇನ್ನೊಂದರಲ್ಲಿ ಇದೆ. ಇವನ ದನಿಯನ್ನು ಸರಿಯಾಗಿ ಕೇಳಿಸಲೇಬೇಕು ಅಂತ ನನಗೆ ಹಟ ಹುಟ್ಟಿದ್ದು ಈ ಎರಡನ್ನೂ ಒಂದರ ಹಿಂದೆ ಒಂದು ನೋಡಿದ ಮೇಲೆ.

ಸರಿ, ಮೆಷಿನ್ನಿಗೆ ಬರೋಣ. ಫಿಲ್ಮಿನ ಒಂದು ಅಂಚಿನಲ್ಲಿ ತೂತುಗಳು, ಇನ್ನೊಂದು ಅಂಚಿನಲ್ಲಿ ಸೌಂಡ್ ಟ್ರ್ಯಾಕು. ಎಕ್ಸೈಟರ್ ಅನ್ನುವ ಪುಟ್ಟ ಬಲ್ಬಿನ ಬೆಳಕು ಕೂದಲಷ್ಟು ತೆಳ್ಳಗಿನ ಗೆರೆಯಾಗಿ ಈ ಟ್ರ್ಯಾಕಿನ ಮೇಲೆ ಬೀಳುತ್ತದೆ. ಟ್ರ್ಯಾಕಿನ ಏರಿಳಿತಕ್ಕೆ ತಕ್ಕಂತೆ ಆಚೆ ದಾಟುವ ಬೆಳಕು ಹೆಚ್ಚು ಕಡಿಮೆ ಆಗುತ್ತದೆ. ಅದನ್ನು ಬೆಳಕನ್ನು ಕರೆಂಟಾಗಿಸುವ ಸೆಲ್ ಹಿಡಿದು ಆಂಪ್ಲಿಫೈಯರ್‌ಗೆ ಕಳಿಸುತ್ತದೆ. ಈ ಬಲ್ಬಿಗೆ ಮೈನ್ಸ್ ಕರೆಂಟನ್ನು ನೇರ ಕೊಟ್ಟರೆ ಅದರ ಮಿಡಿತವೇ ಸ್ಪೀಕರ್‌ನಲ್ಲಿ ಗುಂಯ್‌ಗುಡುತ್ತದೆ. ಅದಕ್ಕೇ ನಮ್ಮ ಕಿವಿಗೆ ಕೇಳಿಸದಷ್ಟು ವೇಗದ ಕರೆಂಟು ಕೊಡುವ ಆಸಿಲೇಟರ್ ಒಳಗೆ ಇರುತ್ತದೆ. ನನ್ನದರಲ್ಲಿ ಅದು ಸರಿಯಿತ್ತು. ಬಲ್ಬಿನ ಗಾಜು ಒಳಗಿನಿಂದ ಕಪ್ಪಾಗಿತ್ತು. ಹೊಸದು ಹಾಕಿ, ಸೌಂಡ್ ಲೆನ್ಸ್‌ನ ಫೋಕಸ್ ಸರಿ ಮಾಡಿದ ಮೇಲೆ ಸ, ಶ ಅಕ್ಷರಗಳು ಬಿಡಿಸಿ ಕೇಳಿಸತೊಡಗಿದವು.

ಆದರೆ ದನಿ ಅಲುಗಾಡುತ್ತಿತ್ತು. ಫಿಲ್ಮ್ ಸೌಂಡ್ ಡ್ರಮ್ ಮೇಲೆ ಹಾಯುವಾಗ ಒಂದೇ ವೇಗದಲ್ಲಿ ಹೋಗಬೇಕು. ಅದಕ್ಕಾಗಿ ಡ್ರಮ್ಮಿನ ಹಿಂದೆ ಭಾರವಾದ ಫ್ಲೈವೀಲ್ ಇರುತ್ತದೆ. ಅದರ ಬೇರಿಂಗಿನ ಹಳೆಯ ಗ್ರೀಸು ಅಂಟಾಗಿ ಬಿಟ್ಟಿತ್ತು. ಗಾಲಿಯನ್ನು ಬೆರಳಿನಲ್ಲಿ ತಿರುಗಿಸಿ ಬಿಟ್ಟರೆ ತಟ್ಟನೆ ನಿಲ್ಲುತ್ತಿತ್ತು. ಬಿಚ್ಚಿ, ತೊಳೆದು, ತೆಳು ಎಣ್ಣೆಯ ಎರಡೇ ಹನಿ ಬಿಟ್ಟ ಮೇಲೆ ಸದ್ದಿಲ್ಲದೆ ಬಹಳ ಹೊತ್ತು ತಿರುಗಿತು. ಬೇರೆ ಚಿತ್ರವಾಗಿದ್ದರೆ ನಾನು ಇಷ್ಟು ತಲೆ ಕೆಡಿಸಿಕೊಳ್ಳುತ್ತಿರಲಿಲ್ಲವೇನೋ. ಆದರೆ ಕ್ರ್ಯಾಚಿಟ್‌ನ ದನಿ ನಡುಗಿದರೆ ಆ ನಡುಕ ನಟನದು ಅಂತ ನನಗೆ ಖಾತ್ರಿ ಇರಬೇಕು. ಬೇರಿಂಗಿನದಾಗಿರಬಾರದು.

ಇನ್ನೊಂದು ವಿಷಯ. 16 ಎಂಎಂ ಫಿಲ್ಮಿನಲ್ಲಿ ಚಿತ್ರ ಮತ್ತು ಅದರ ಸದ್ದು ಅಕ್ಕಪಕ್ಕ ಇರುವುದಿಲ್ಲ. ಸದ್ದು 26 ಫ್ರೇಮು ಮುಂದೆ ಇರುತ್ತದೆ. ಗೇಟಿನಲ್ಲಿ ಚಿತ್ರ ತಡೆತಡೆದು ಹೋಗುತ್ತದೆ, ಸೌಂಡ್ ಡ್ರಮ್ಮಿನಲ್ಲಿ ಸಮನಾಗಿ ಹೋಗಬೇಕು, ಹಾಗಾಗಿ ಎರಡರ ನಡುವೆ ದೂರ ಬೇಕು. ಫಿಲ್ಮ್ ಹಾಕುವಾಗ ಗೇಟಿನ ಕೆಳಗಿನ ಲೂಪ್, ಅಂದರೆ ಫಿಲ್ಮಿನ ಸಡಿಲ ಬಾಗು, ಸರಿಯಾದ ಅಳತೆಯಲ್ಲಿ ಇದ್ದರೆ ಮಾತ್ರ ತುಟಿಗೂ ಮಾತಿಗೂ ತಾಳೆಯಾಗುತ್ತದೆ. ಇದರ ಇನ್ನೊಂದು ಪರಿಣಾಮವೂ ಇದೆ. ನೀವು ಒಂದು ಫ್ರೇಮು ಕತ್ತರಿಸಿದರೆ ಆ ಕ್ಷಣದ ಮುಖ ಹೋಗುತ್ತದೆ, ಒಂದು ಸೆಕೆಂಡಿಗಿಂತ ಸ್ವಲ್ಪ ಆಚೆಯ ದನಿಯೂ ಹೋಗುತ್ತದೆ. ಒಂದು ಕತ್ತರಿಗೆ ಎರಡು ಗಾಯ.

ಈಗ ಪ್ರಿಂಟು. ಡಬ್ಬಿ ತೆರೆದ ಕೂಡಲೇ ಮೂಸಿ ನೋಡಬೇಕು. 16 ಎಂಎಂ ಫಿಲ್ಮು ಬೆಂಕಿ ಹತ್ತುವ ನೈಟ್ರೇಟ್ ಅಲ್ಲ, ಅಸಿಟೇಟ್. ಅದರ ಕಾಯಿಲೆ ಬೇರೆ. ಕೊಳೆಯಲು ಶುರುವಾದರೆ ವಿನೆಗರ್ ವಾಸನೆ ಹೊಡೆಯುತ್ತದೆ. ಆ ಆಮ್ಲದಿಂದ ಕೊಳೆಯುವುದು ಇನ್ನೂ ಜೋರಾಗುತ್ತದೆ, ಪಕ್ಕದ ಫಿಲ್ಮಿಗೂ ಹಬ್ಬುತ್ತದೆ. ಮೊದಲ ರೀಲಿನಲ್ಲಿ ವಾಸನೆ ಇಲ್ಲ. ಎರಡನೆಯದರಲ್ಲಿ ಸಣ್ಣಗೆ ಇದೆ. ಆಮ್ಲ ತೋರಿಸುವ ಕಾಗದದ ಪಟ್ಟಿಯನ್ನು ಡಬ್ಬಿಯಲ್ಲಿಟ್ಟು ಮುಚ್ಚಿದ್ದೆ. ನೀಲಿ ಇದ್ದದ್ದು ಹಸಿರಿನ ಕಡೆ ತಿರುಗಿದೆ. ಹಳದಿ ಆಗಿಲ್ಲ. ಅಂದರೆ ಕಾಯಿಲೆ ಶುರುವಾಗಿದೆ, ಇನ್ನೂ ಸಮಯ ಇದೆ.

ಕುಗ್ಗುವಿಕೆ ಅಳೆಯುವುದೂ ಮುಖ್ಯ. ಹೊಸ ಪ್ರಿಂಟಿನಲ್ಲಿ ಒಂದು ತೂತಿನಿಂದ ಮುಂದಿನದಕ್ಕೆ 7.62 ಮಿಲಿಮೀಟರ್. ನೂರು ಫ್ರೇಮಿಗೆ 762 ಮಿಲಿಮೀಟರ್. ಉದ್ದದ ಸ್ಟೀಲ್ ಸ್ಕೇಲಿನ ಪಕ್ಕ ಫಿಲ್ಮನ್ನು ಎಳೆಯದೆ ಚಪ್ಪಟೆಯಾಗಿ ಇಟ್ಟು ಅಳೆದೆ. ನನ್ನ ಎರಡನೇ ರೀಲು 757.5 ಬಂತು. ಹೆಚ್ಚುಕಡಿಮೆ ಶೇ. 0.6 ಕುಗ್ಗಿದೆ. ಶೇ. 1ರ ಹತ್ತಿರ ಬಂದರೆ ನಾನು ಪ್ರೊಜೆಕ್ಟರ್‌ಗೆ ಹಾಕುವುದಿಲ್ಲ. ಕೊಕ್ಕೆ ತೂತಿಗೆ ಸರಿಯಾಗಿ ಬೀಳದೆ ಅಂಚನ್ನು ಹರಿಯುತ್ತದೆ. ಇದು ಹಾಕಬಹುದು, ಎಚ್ಚರದಿಂದ.

ಆಮೇಲೆ ಕೈ ರಿವೈಂಡರ್ ಮೇಲೆ ಇಡೀ ಚಿತ್ರವನ್ನು ಬೆರಳುಗಳ ನಡುವೆ ಹಾಯಿಸಿದೆ. ಹತ್ತಿ ಕೈಗವಸು ಹಾಕಿಕೊಂಡು, ಎರಡು ಅಂಚನ್ನು ಹೆಬ್ಬೆರಳು, ತೋರುಬೆರಳ ನಡುವೆ ಹಿಡಿದರೆ ಹರಿದ ತೂತು, ಬಿಟ್ಟುಕೊಂಡ ಅಂಟು, ಮಡಿಕೆ ಎಲ್ಲವೂ ಬಟ್ಟೆಯ ದಾರ ಸಿಕ್ಕಿದ ಹಾಗೆ ಬೆರಳಿಗೇ ಸಿಗುತ್ತವೆ. ಒಂದು ನಿಮಿಷದ ಚಿತ್ರಕ್ಕೆ 36 ಅಡಿ, ಒಂದು ಗಂಟೆಗೆ 2,160 ಅಡಿ. ನಿಧಾನದ ಕೆಲಸ. ಕ್ರ್ಯಾಚಿಟ್ ಬರುವ ಕಡೆಯೆಲ್ಲ ಅಡಿ ಲೆಕ್ಕ ಬರೆದುಕೊಂಡೆ. ಎಲ್ಲಿ ಕೈ ಬಿಗಿ ಹಿಡಿಯಬೇಕು ಅನ್ನುವುದಕ್ಕೆ ಅದೇ ನಕ್ಷೆ.

ಈ ಚಿತ್ರ ಹುಟ್ಟಿದ ಕಡೆಯ ಬಗ್ಗೆ ಹೇಳಲೇಬೇಕು. ಅಮೆರಿಕದ ಚಿತ್ರಗಳು ಬ್ರಿಟನ್ನಿನ ಥಿಯೇಟರ್‌ಗಳನ್ನು ತುಂಬಿಬಿಟ್ಟಿದ್ದವು. ಅದಕ್ಕಾಗಿ 1927ರಲ್ಲಿ ಸರ್ಕಾರ ಒಂದು ಕಾಯಿದೆ ತಂತು. ಪ್ರತಿ ಥಿಯೇಟರ್ ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳನ್ನು ತೋರಿಸಲೇಬೇಕು. ಮೊದಲು ಶೇ. 5, ವರ್ಷದಿಂದ ವರ್ಷಕ್ಕೆ ಏರಿ ಶೇ. 20. ಹಂಚಿಕೆದಾರರಿಗೂ ಅಂಥದೇ ಪಾಲು. ಅಮೆರಿಕದ ಕಂಪನಿಗಳು ಆ ಪಾಲು ತುಂಬಲು ಅಗ್ಗದ ಬ್ರಿಟಿಷ್ ಚಿತ್ರಗಳನ್ನು ಮಾಡಿಸತೊಡಗಿದವು. ಕೋಟಾ ಕ್ವಿಕಿ ಅಂತ ಅವಕ್ಕೆ ಹೆಸರು. ಒಂದು ಅಡಿ ಫಿಲ್ಮಿಗೆ ಒಂದು ಪೌಂಡ್ ಅನ್ನುವ ದರ. ಜೂಲಿಯಸ್ ಹೇಗನ್‌ನ ಟ್ವಿಕನಮ್ ಸ್ಟುಡಿಯೋ ಇಂಥ ಚಿತ್ರಗಳಿಗೆ ಹೆಸರುವಾಸಿ. ಹಗಲು ಒಂದು ಚಿತ್ರ, ರಾತ್ರಿ ಇನ್ನೊಂದು ಅಂತ ಪಾಳಿಯಲ್ಲಿ ಕೆಲಸ.

ಕ್ವಿಕಿಗಳನ್ನು ಹಗುರವಾಗಿ ಮಾತಾಡುವುದು ಬರಹಗಾರರಿಗೆ ಅಭ್ಯಾಸವಾಗಿದೆ. ನನಗೆ ಅದು ಒಪ್ಪಿಗೆ ಇಲ್ಲ. ಆ ಅವಸರದಲ್ಲಿ ದಿನಗೂಲಿಯ ಹಾಗೆ ದುಡಿದ ಪೋಷಕ ನಟರೇ ಬ್ರಿಟಿಷ್ ಸಿನಿಮಾದ ಮುಖ ಕಟ್ಟಿದವರು. ರೀಟೇಕ್‌ಗೆ ಫಿಲ್ಮ್ ಇಲ್ಲ, ತಾಲೀಮಿಗೆ ಹೊತ್ತಿಲ್ಲ. ಬಂದು ನಿಂತ ಕೂಡಲೇ ಪಾತ್ರ ಜೀವ ತಳೆಯಬೇಕು. ಅದನ್ನು ಮಾಡಬಲ್ಲವರಿಗೆ ಆ ದಶಕದಲ್ಲಿ ಕೆಲಸಕ್ಕೆ ಬರವಿರಲಿಲ್ಲ.

'ಸ್ಕ್ರೂಜ್' ಹೇಗನ್ ಸ್ವಲ್ಪ ಆಸೆ ಇಟ್ಟು ಮಾಡಿಸಿದ ಚಿತ್ರ. ನಿರ್ದೇಶಕ ಹೆನ್ರಿ ಎಡ್ವರ್ಡ್ಸ್. ಸ್ಕ್ರೂಜ್ ಆಗಿ ಸೀಮೋರ್ ಹಿಕ್ಸ್, ರಂಗದ ಮೇಲೆ ದಶಕಗಳಿಂದ ಈ ಪಾತ್ರ ಮಾಡಿದ್ದವರು, 1913ರ ಮೂಕಿಯಲ್ಲೂ ಮಾಡಿದ್ದರು. ಹಿಕ್ಸ್ ಅಬ್ಬರಿಸುತ್ತಾರೆ, ಗೊಣಗುತ್ತಾರೆ, ಇಡೀ ಪರದೆ ಅವರದ್ದೇ. ಅದರ ಎದುರು ಕಾಲ್ತ್ರಾಪ್ ದನಿ ಏರಿಸುವುದೇ ಇಲ್ಲ. ಈ ಕಥೆಯನ್ನು ಎಷ್ಟೋ ಜನ ಚಿತ್ರ ಮಾಡಿದ್ದಾರೆ. ಕ್ರ್ಯಾಚಿಟ್‌ನ ಕಾಯಿಲೆಯ ಮಗ ಟೈನಿ ಟಿಮ್ ಸತ್ತ ಮೇಲಿನ ಭಾಗವನ್ನು ಹೆಚ್ಚಿನವರು ಊರುಗೋಲು, ಖಾಲಿ ಕುರ್ಚಿ ತೋರಿಸಿ ದಾಟಿಸುತ್ತಾರೆ. ಇದರಲ್ಲಿ ಹಾಸಿಗೆಯ ಮೇಲೆ ಮಗುವಿನ ದೇಹವೇ ಇದೆ, ಪಕ್ಕದಲ್ಲಿ ತಂದೆ ಇದ್ದಾನೆ. 'ಬ್ಲ್ಯಾಕ್‌ಮೇಲ್' ಮಾಡಿದ ಅದೇ ಮುಖ.

ನನ್ನ ಪ್ರಿಂಟಿನಲ್ಲಿ ಅಂಟು ಬಿಟ್ಟುಕೊಂಡಿದ್ದು ಸರಿಯಾಗಿ ಆ ದೃಶ್ಯದಲ್ಲೇ.

ಹಳೆಯ ಸಿಮೆಂಟ್ ಜೋಡಣೆ. ಒಂದು ತುದಿಯ ಎಮಲ್ಶನ್ ಕೆರೆದು, ಇನ್ನೊಂದನ್ನು ಅದರ ಮೇಲೆ ಇಟ್ಟು, ಕರಗಿಸುವ ಅಂಟು ಹಚ್ಚಿ ಒತ್ತುವ ವಿಧಾನ ಅದು. ಬಹಳ ವರ್ಷದ ನಂತರ ಒಣಗಿ ಬಿಟ್ಟುಕೊಳ್ಳುತ್ತದೆ. ಪಕ್ಕದಲ್ಲಿ ಮೂರು ತೂತುಗಳೂ ಹರಿದಿದ್ದವು. ಸಾಮಾನ್ಯವಾಗಿ ಮಾಡುವುದು ಏನು? ಹರಿದದ್ದನ್ನು ಕತ್ತರಿಸಿ, ಹೊಸದಾಗಿ ಸಿಮೆಂಟ್ ಹಾಕುವುದು. ಗಟ್ಟಿಯಾಗಿ ಕೂರುತ್ತದೆ, ಸುಳುವೂ ಹೌದು. ಆದರೆ ಐದು ಫ್ರೇಮು ಹೋಗುತ್ತಿತ್ತು. ಸೆಕೆಂಡಿನ ಐದನೇ ಒಂದು ಭಾಗ. ಮೊದಲು ಅಂಟಿಸಿದವರು ಆಗಲೇ ಒಂದಿಷ್ಟು ಕತ್ತರಿಸಿದ್ದಾರೆ, ತಲೆ ಒಂದು ಕಡೆಯಿಂದ ಇನ್ನೊಂದಕ್ಕೆ ಜಿಗಿಯುವುದರಲ್ಲೇ ಗೊತ್ತಾಗುತ್ತದೆ. ಇನ್ನೂ ಕಳೆಯಲು ಮನಸ್ಸು ಬರಲಿಲ್ಲ.

ಟೇಪ್ ಜೋಡಣೆಗೆ ಹೋದೆ. ಎರಡು ತುದಿಗಳನ್ನು ಒಂದರ ಮೇಲೊಂದು ಇಡದೆ, ಎದುರುಬದುರು ಮುಟ್ಟಿಸಿ ಇಡುವುದು. ಒಂದು ಫ್ರೇಮೂ ಹೋಗುವುದಿಲ್ಲ. ಹಳೆಯ ಸಿಮೆಂಟಿನ ಪುಡಿಯನ್ನು ಮೆತ್ತಗೆ ಒರೆಸಿ, ಫಿಲ್ಮ್ ಜೋಡಿಸುವ ಉಪಕರಣ ಸ್ಪ್ಲೈಸರ್‌ನ ಮೊಳೆಗಳಿಗೆ ತೂತು ಕೂರಿಸಿ, ಮೊದಲೇ ತೂತು ಹೊಡೆದ 16 ಎಂಎಂ ಟೇಪನ್ನು ಎರಡೂ ಬದಿಗೆ ಹಾಕಿದೆ. ಹರಿದ ಮೂರು ತೂತಿನ ಅಂಚಿಗೂ ಅದೇ ಟೇಪು, ಸಣ್ಣಗೆ ಕತ್ತರಿಸಿ. ಗಾಳಿಯ ಗುಳ್ಳೆ ಉಳಿಯದ ಹಾಗೆ ಮೂಳೆಯ ಪಟ್ಟಿಯಿಂದ ನಡುವಿನಿಂದ ಅಂಚಿಗೆ ಉಜ್ಜಬೇಕು. ಟೇಪಿನ ದೋಷವೂ ಇದೆ. ಬಿಸಿಗೆ ಅಂಟು ಹೊರಗೆ ಜಿನುಗಿ ಪಕ್ಕದ ಸುತ್ತಿಗೆ ಹತ್ತಬಹುದು. ವರ್ಷಕ್ಕೊಮ್ಮೆ ನೋಡಬೇಕು, ಬೇಕಾದರೆ ಬದಲಾಯಿಸಬೇಕು. ಇಷ್ಟಕ್ಕೆ ನಾನು ತಯಾರು.

ಜೋಡಣೆ ಸೌಂಡ್ ಹೆಡ್ ಮೇಲೆ ಹಾಯುವಾಗ ಟಪ್ ಅನ್ನುವ ಸದ್ದು ಬರುತ್ತದೆ. ಅದನ್ನು ಅಡಗಿಸಲು ಟ್ರ್ಯಾಕಿನ ಮೇಲೆ ಅಪಾರದರ್ಶಕ ಶಾಯಿಯಿಂದ ಸಣ್ಣ ತ್ರಿಕೋನ ಬಳಿಯುತ್ತಾರೆ. ಸದ್ದು ಥಟ್ಟನೆ ಕಡಿಯದೆ ಇಳಿದು ಏರುತ್ತದೆ. ಆದರೆ ಶಾಯಿಯ ಕೆಳಗೆ ಮಾತು ಇದ್ದರೆ ಅದೂ ಹೋಯಿತು. ಭೂತಗನ್ನಡಿ ಹಿಡಿದು ಟ್ರ್ಯಾಕನ್ನು ನೋಡಿದೆ. ಮಾತು ಇರುವ ಕಡೆ ಗರಗಸದ ಹಲ್ಲಿನಂಥ ಏರಿಳಿತ, ಮೌನ ಇರುವ ಕಡೆ ಸಪಾಟು ಗೆರೆ. ಜೋಡಣೆಯ ಜಾಗದಲ್ಲಿ ಗೆರೆ ಸಪಾಟಾಗಿತ್ತು. ಮಾತಿನ ಮೊದಲ ಹಲ್ಲು ಶುರುವಾಗುವುದು ಕೆಲವು ಮಿಲಿಮೀಟರ್ ಆಚೆ. ಅತಿ ಸಣ್ಣ ಕುಂಚದಲ್ಲಿ, ಸಪಾಟು ಜಾಗದೊಳಗೇ ಮುಗಿಯುವ ಹಾಗೆ ತ್ರಿಕೋನ ಬಳಿದೆ. ಅವನ ದನಿಗೆ ಶಾಯಿ ತಾಗಲಿಲ್ಲ.

ಓಡಿಸಿದಾಗ ಮೊದಲ ರೀಲು ಸಲೀಸು. ಎರಡನೆಯದಕ್ಕೆ ಕೈ ಸ್ವಿಚ್ಚಿನ ಮೇಲೆಯೇ ಇತ್ತು. ಜೋಡಣೆ ಗೇಟಿನಲ್ಲಿ ಹಾಯುವಾಗ ಚಿತ್ರ ಕ್ಷಣ ಮಾತ್ರ ಮಸುಕಾಗಿ ಸರಿಯಾಯಿತು. ಟಪ್ ಸದ್ದಿಲ್ಲ. ದನಿ ಒಡೆಯಲಿಲ್ಲ. ಕಂಪ್ಯೂಟರ್ ಪರದೆಯಲ್ಲಿ ಈ ಚಿತ್ರವನ್ನು ಮೊದಲೂ ನೋಡಿದ್ದೆ. ಗೋಡೆಯ ಮೇಲೆ ಆಳೆತ್ತರಕ್ಕೆ ಬಂದಾಗ ಕಂಡದ್ದು ಬೇರೆ: ಕಾಲ್ತ್ರಾಪ್ ಮಾತಿಗೆ ಮೊದಲು ಕಾಯುತ್ತಾನೆ. ದುಃಖವನ್ನು ನಟಿಸಲು ಹೋಗುವುದಿಲ್ಲ, ಅದು ಮೇಲೆ ಬರದಂತೆ ತಡೆಯುವುದನ್ನು ನಟಿಸುತ್ತಾನೆ. ನಾನು ಉಳಿಸಿಕೊಂಡ ಫ್ರೇಮುಗಳು ಅಂಥ ಕಾಯುವಿಕೆಯಲ್ಲೇ ಇವೆ.

ಅವನ ಉಳಿದ ಕೆಲಸದಲ್ಲಿ ಹುಡುಕಿ ನೋಡಬೇಕಾದ್ದು ಬಹಳ ಇದೆ. ಹಿಚ್‌ಕಾಕ್ ಜೊತೆ 'ಜೂನೊ ಅಂಡ್ ದಿ ಪೇಕಾಕ್', 'ಮರ್ಡರ್!', 'ನಂಬರ್ ಸೆವೆಂಟೀನ್'. 1930ರ 'ಎಲ್‌ಸ್ಟ್ರೀ ಕಾಲಿಂಗ್'ನಲ್ಲಿ ಶೇಕ್ಸ್‌ಪಿಯರ್ ಹೇಳಬೇಕೆಂದು ಒದ್ದಾಡುವ ನಟ, ಯಾರೂ ಬಿಡುವುದಿಲ್ಲ. 1932ರ 'ರೋಮ್ ಎಕ್ಸ್‌ಪ್ರೆಸ್'ನಲ್ಲಿ ಕದ್ದ ಪೇಂಟಿಂಗ್ ಇಟ್ಟುಕೊಂಡು ರೈಲಿನಲ್ಲಿ ಬೆವರುವ ಪೂಲ್, ಬೆನ್ನಟ್ಟಿ ಬಂದವನು ಕಾನ್ರಾಡ್ ವೈಟ್. 1936ರ 'ದಿ ಮ್ಯಾನ್ ಹೂ ಚೇಂಜ್ಡ್ ಹಿಸ್ ಮೈಂಡ್'ನಲ್ಲಿ ಬೋರಿಸ್ ಕಾರ್ಲಾಫ್‌ನ ಸಹಾಯಕ, ಗಾಲಿಕುರ್ಚಿಯಲ್ಲಿ ಕೂತ ಕಹಿ ನಾಲಗೆಯವನು. ಆ ಪಾತ್ರದ ಹೆಸರು ಕ್ಲೇಟನ್. ಅವನ ತಂದೆಯ ರಂಗದ ಹೆಸರೂ ಅದೇ ಅಲ್ವಾ. ಒಂದು ಚಿತ್ರ ನೋಡಬೇಕೆಂದರೂ ಪೂರ್ತಿ ನೋಡಲಾಗದು: 1931ರ 'ದಿ ಘೋಸ್ಟ್ ಟ್ರೈನ್'. ಅದರಲ್ಲಿ ಅವನು ಸ್ಟೇಷನ್ ಮಾಸ್ಟರ್. ಚಿತ್ರದ ಒಂದು ಭಾಗ ಮಾತ್ರ ಉಳಿದಿದೆ. 1940ರ ಜುಲೈನಲ್ಲಿ, 'ಮೇಜರ್ ಬಾರ್ಬರಾ' ಶೂಟಿಂಗ್ ನಡೆಯುತ್ತಿರುವಾಗಲೇ ಈಟನ್‌ನಲ್ಲಿ ಹೃದಯಾಘಾತದಿಂದ ತೀರಿಕೊಂಡ. ವಯಸ್ಸು 52. ಚಿತ್ರ ಮರುವರ್ಷ ಬಂತು. ಅದರಲ್ಲಿ ಅವನು ಕೆಲಸ ಕಳೆದುಕೊಂಡ ಮುದುಕ ಪೀಟರ್ ಶರ್ಲಿ.

ಇನ್ನು ಉಳಿದ ಕೆಲಸ. ಓಡಿದ ಫಿಲ್ಮನ್ನು ಸುತ್ತಿಕೊಳ್ಳುವ ರೀಲಿನ ಟೇಕಪ್ ಕ್ಲಚ್ ಸ್ವಲ್ಪ ಬಿಗಿಯಿದೆ, ರೀಲು ತುಂಬುತ್ತಾ ಬಂದಾಗ ಫಿಲ್ಮನ್ನು ಜಗ್ಗುತ್ತದೆ. ಕುಗ್ಗಿದ ಪ್ರಿಂಟಿಗೆ ಅದು ಆಗದು, ಫೆಲ್ಟ್ ಬದಲಿಸಬೇಕು. ಎರಡನೇ ರೀಲನ್ನು ಮೊದಲನೆಯದರಿಂದ ಬೇರೆ ಮಾಡಿ, ಗಾಳಿಯಾಡುವ ಪ್ಲಾಸ್ಟಿಕ್ ಡಬ್ಬಿಗೆ ಹಾಕಿ, ಮನೆಯ ಅತಿ ತಣ್ಣನೆಯ ಒಣ ಜಾಗದಲ್ಲಿ ಇಟ್ಟಿದ್ದೇನೆ. ತಗಡಿನ ಡಬ್ಬಿಗಳು ಕಸಕ್ಕೆ ಹೋದವು. ಈ ರೀಲನ್ನು ಇನ್ನು ಪ್ರೊಜೆಕ್ಟರ್‌ಗೆ ಹಾಕುವುದಿಲ್ಲ. ಮೊದಲು ಸ್ಕ್ಯಾನ್ ಆಗಬೇಕು, ಅದೂ ಹಲ್ಲಿಲ್ಲದ ಉರುಳೆಗಳ ಮೇಲೆ ಫಿಲ್ಮ್ ಹಾಯಿಸುವ ಸ್ಕ್ಯಾನರ್‌ನಲ್ಲಿ. ಆ ಉರುಳೆಗಳಿಗೆ ಬಾಲ್ ಬೇರಿಂಗ್ ಆಗಲೇ ತಂದಿಟ್ಟಿದ್ದೇನೆ. ಕ್ಯಾಮೆರಾ ಕೂರಿಸುವ ಚೌಕಟ್ಟು ಮುಗಿದ ಮೇಲೆ ಅದರ ಅಳತೆಗಳನ್ನೂ ಬರೆಯುತ್ತೇನೆ.